ತಾತಿ ಮೂಕನಲ್ಲ ಮಾರಾಯ್ರೇ

ಈಗಷ್ಟೇ ಒಂದು ರೀಲ್ ಕಣ್ಣಿಗೆ ಬಿತ್ತು. ಫ್ರೆಂಚ್ ನಿರ್ದೇಶಕ, ನಟ ಜಾಕ್ ತಾತಿಯ ‘ಪ್ಲೇಟೈಮ್’ (1967) ಸಿನಿಮಾದ ತುಣುಕು. ಮೂಲ ಸದ್ದು ಕಿತ್ತು ಪಿಯಾನೋ ತುಂಬಿದ್ದಾರೆ. ಮೇಲೆ ‘ಫ್ರಾನ್ಸಿನ ಮೂಕಿ ಹಾಸ್ಯದ ದೊರೆ’ ಅಂತ ಬಿರುದು, ಕೆಳಗೆ ಹೃದಯಗಳ ಜಾತ್ರೆ.

ಮೂಕಿಯಂತೆ!

ಅದೇ ದೃಶ್ಯ ತಗೊಳ್ಳಿ. ಉದ್ದನೆ ಕಾರಿಡಾರಿನ ತುದಿಯಲ್ಲಿ ಕಡಲೆಕಾಳಷ್ಟು ಮನುಷ್ಯ. ಬೂಟಿನ ಟಕ್ ಟಕ್ ಮಾತ್ರ ಪಕ್ಕದಲ್ಲೇ ಬಂದಷ್ಟು ಜೋರು. ಬಂದೇಬಿಟ್ಟ ಅಂದ್ಕೊಂಡು, ಕಾಯ್ತಾ ಕೂತಿದ್ದ ಯುಲೋ (ತಾತಿಯೇ ನಟಿಸಿದ ಪಾತ್ರ) ಎದ್ದು ನಿಲ್ತಾನೆ. ಮುದಿ ದ್ವಾರಪಾಲಕ ‘ಕೂತ್ಕೋ, ಇನ್ನೂ ಇದೆ’ ಅಂತ ಕೈಸನ್ನೆ ಮಾಡ್ತಾನೆ. ಟಕ್ ಟಕ್ ನಿಲ್ಲಲ್ಲ, ಆಸಾಮಿ ತಲುಪಲ್ಲ. ಕಿವಿ ಹತ್ತಿರ ಅನ್ನುತ್ತೆ, ಕಣ್ಣು ದೂರ ಅನ್ನುತ್ತೆ, ನಗು ಹುಟ್ಟೋದೇ ಅಲ್ಲಿ. ಪಿಯಾನೋ ಹಾಕಿದ್ಮೇಲೆ ಉಳಿಯೋದು ಒಬ್ಬ ಎದ್ದ, ಕೂತ, ಅಷ್ಟೇ. ಆಮೇಲೆ ಕಾಯೋ ಕೋಣೆಯ ಕಪ್ಪು ಕುರ್ಚಿ: ಕೂತೆದ್ದರೆ ತಗ್ಗಿದ ಮೆತ್ತೆ ‘ಪುಸ್’ ಅಂತ ಮತ್ತೆ ಉಬ್ಬುತ್ತೆ.

ತಾತಿ ಚಿತ್ರೀಕರಣ ಮುಗಿದ ಮೇಲೆ ಸದ್ದುಗಳನ್ನು ಬೇರೆಯಾಗಿ ರೆಕಾರ್ಡ್ ಮಾಡಿ, ಒಂದೊಂದಾಗಿ ಕೂರಿಸ್ತಿದ್ದ. ಸಂಭಾಷಣೆಯನ್ನು ಗುಜುಗುಜು ಮಾಡಿ ಹಿಂದಕ್ಕೆ ತಳ್ತಿದ್ದ, ಬಾಗಿಲಿನ ಸದ್ದನ್ನು ಮುಂದಕ್ಕೆ ತರ್ತಿದ್ದ. 1953ರ ಯುಲೋ ರಜೆಯ ಸಿನಿಮಾದಲ್ಲಿ ಹೋಟೆಲಿನ ಊಟದ ಮನೆಯ ಬಾಗಿಲು ತಂತಿ ಮೀಟಿದ ಹಾಗೆ ‘ಠುಂಯ್’ ಅನ್ನೋದೇ ಒಂದು ಪಾತ್ರ.

‘1930ರ ದಶಕದಲ್ಲಿ ರಂಗದ ಮೇಲೆ ಟೆನಿಸ್, ಬಾಕ್ಸಿಂಗಿನ ಮೂಕಾಭಿನಯ ಮಾಡಿದವನಲ್ವಾ, ಯುಲೋ ಮಾತೇ ಆಡಲ್ವಲ್ಲ’ ಅಂತೀರಿ. ಸರಿ. ನಿಮ್ಮನೆ ಮಿಕ್ಸಿನೂ ಮಾತಾಡಲ್ಲ.

ಇನ್ನು ಚೌಕಟ್ಟು. ‘ಪ್ಲೇಟೈಮ್’ 70 ಎಂಎಂನ ಅಗಲ ಫಿಲ್ಮಿನಲ್ಲಿ ತೆಗೆದ ಸಿನಿಮಾ. ಪ್ಯಾರಿಸ್ ಅಂಚಿನಲ್ಲಿ ‘ತಾತಿವಿಲ್’ ಅನ್ನೋ ಗಾಜು-ಉಕ್ಕಿನ ಸೆಟ್ ಎಬ್ಬಿಸಿದ. ದೂರದಲ್ಲಿ ನಿಲ್ಲಿಸೋಕೆ ಕಟ್ಟಡಗಳ ದೊಡ್ಡ ದೊಡ್ಡ ಫೋಟೊ, ಗುಂಪಿನ ಹಿಂದೆ ರಟ್ಟಿನ ಮನುಷ್ಯರು. ಹತ್ತಿರದ ಮುಖ ತೋರಿಸಿ ‘ಇಲ್ಲಿ ನಗಿ’ ಅನ್ನೋ ಪೈಕಿ ಅಲ್ಲ ಅವನು. ಮೂಲೆಯಲ್ಲೊಂದು, ಹಿನ್ನೆಲೆಯಲ್ಲೊಂದು ತಮಾಷೆ ಒಟ್ಟಿಗೇ ನಡೀತಿರುತ್ತೆ, ಹುಡುಕ್ಕೋಬೇಕು. ಮೊಬೈಲಿಗೆ ಉದ್ದುದ್ದ ಕತ್ತರಿಸಿದ್ರೆ ಅಗಲದ ಮೂರನೇ ಒಂದು ಪಾಲೂ ಉಳಿಯಲ್ಲ. ಕಾರಿಡಾರು ಇಟ್ಕೊಂಡ್ರೆ ಯುಲೋ ಹೋದ, ಯುಲೋನ ಇಟ್ಕೊಂಡ್ರೆ ಕಾರಿಡಾರು ಹೋಯ್ತು.

ಈ ಸಿನಿಮಾದ ಸಾಲಕ್ಕೆ ಅವನ ಕಂಪನಿ ಮುಳುಗಿತು, ತಾನೇ ಮಾಡಿದ ಸಿನಿಮಾಗಳ ಹಕ್ಕು ಕೈ ತಪ್ಪಿತು, ಸೆಟ್ಟನ್ನೂ ಕೆಡವಿದ್ರು. 1982ರಲ್ಲಿ ಸಾಯೋ ಹೊತ್ತಿಗೆ ಮುಗಿಸಿದ್ದ ಪೂರ್ಣ ಪ್ರಮಾಣದ ಸಿನಿಮಾ ಆರೇ ಆರು.

‘ಹೀಗಾದ್ರೂ ನಾಲ್ಕು ಜನಕ್ಕೆ ಪರಿಚಯ ಆಗುತ್ತಲ್ಲ’ ಅಂತ ಒಬ್ಬರ ಸಮಾಧಾನ. ಯಾರ ಪರಿಚಯ ಸ್ವಾಮಿ, ಪಿಯಾನೋದವರದಾ?

ಆ ಕುರ್ಚಿಯ ‘ಪುಸ್’ ಒಂದನ್ನಾದ್ರೂ ಬಿಟ್ಟಿದ್ರೆ ಏನು ಗಂಟು ಹೋಗ್ತಿತ್ತು.