ಉಪಗ್ರಹಕ್ಕೆ ಕೈ ಬೀಸದ ತಾತ

ದಸರಾ ಬಂತೆಂದರೆ ಕಾಡಿನ ಬುಡಕಟ್ಟಾದ ಜೇನುಕುರುಬರಿಗೆ ಯಾವ ದಾಖಲೆಯೂ ಬೇಕಿಲ್ಲ. ಆನೆಗಳ ಮಾವುತ, ಕಾವಾಡಿಗಳಲ್ಲಿ ಬಹಳ ಮಂದಿ ಅವರೇ. 750 ಕೆ.ಜಿ. ಅಂಬಾರಿ ರಾಜಬೀದಿಗೆ ಹೊರಟಾಗ ‘ನಿಮ್ಮಪ್ಪ ಕಾಡಲ್ಲಿದ್ದ ಅನ್ನೋದಕ್ಕೆ ಏನಪ್ಪಾ ಪುರಾವೆ?’ ಎಂದು ಯಾರೂ ಕೇಳುವುದಿಲ್ಲ. ಅರಮನೆ ಅಂಗಳದಲ್ಲಿ ಮಂತ್ರಿಗಳೇ ಸೌಟು ಹಿಡಿದು ತಿಂಡಿ ಬಡಿಸುತ್ತಾರೆ; ಕ್ಯಾಮೆರಾ ಇರುವ ಕಡೆಯ ಎಲೆಗೆ ಒಂದು ಮಿಠಾಯಿ ಹೆಚ್ಚು.

ಹಬ್ಬ ಮುಗಿಸಿ ಕಾಡಿನ ಹಾಡಿಗೆ ಮರಳಿದವನು ತಾನಿರುವ ನೆಲದ ಹಕ್ಕಿಗೆ 2006ರ ಅರಣ್ಯ ಹಕ್ಕು ಕಾಯ್ದೆಯಡಿ ಅರ್ಜಿ ಹಾಕಿದನೋ, ಮುಗೀತು. ಬುಡಕಟ್ಟಿನವರು 2005ರ ಡಿಸೆಂಬರ್ 13ಕ್ಕೆ ಮುಂಚಿನಿಂದ ಅಲ್ಲಿದ್ದರೆ ಸಾಕು ಅನ್ನುತ್ತದೆ ಕಾಯ್ದೆ. ಹಿರಿಯರ ಹೇಳಿಕೆ, ಪೂರ್ವಿಕರ ಸಮಾಧಿ, ದೇವರ ಬನ ಎಲ್ಲವನ್ನೂ ಸಾಕ್ಷಿಯಾಗಿ ಒಪ್ಪುತ್ತದೆ ನಿಯಮ. ಆದರೆ ಮೇಜಿನ ಹಿಂದಿನವರಿಗೆ ಸಮಾಧಿಯ ಮೇಲೆ ನಂಬಿಕೆಯಿಲ್ಲ.

‘ಉಪಗ್ರಹದ ಫೋಟೊದಲ್ಲಿ ನಿನ್ನ ಗುಡಿಸಲು ಕಾಣ್ತಿಲ್ವಲ್ಲ ತಾತ?’

‘ಮರದಡಿ ಕಟ್ಟಿದ್ದೆ ಸ್ವಾಮಿ.’

ತಪ್ಪು ತಾತನದೇ. ಮರ ಕಡಿದು ಬಯಲು ಮಾಡಿ, ಆಕಾಶ ನೋಡಿ ಕೈ ಬೀಸಿದ್ದರೆ ಈ ಹೊತ್ತಿಗೆ ಹಕ್ಕುಪತ್ರ ಸಿಗುತ್ತಿತ್ತು. ಕಡಿದಿದ್ದಕ್ಕೆ ಕೇಸೂ ಬೀಳುತ್ತಿತ್ತು ಅನ್ನಿ. ಆಮೇಲೆ ಆ ಎಫ್‌ಐಆರೇ ವಾಸದ ಪುರಾವೆ!

ನಾಗರಹೊಳೆಯ ಲೆಕ್ಕ ಇನ್ನೂ ಸೊಗಸು. ಹೈಕೋರ್ಟ್ ನೇಮಿಸಿದ್ದ ಪ್ರೊ. ಮುಜಾಫರ್ ಅಸ್ಸಾದಿ ಸಮಿತಿಯ ಪ್ರಕಾರ ಆ ಕಾಡಿನಿಂದ ಎಬ್ಬಿಸಿದ್ದು 3,418 ಆದಿವಾಸಿ ಕುಟುಂಬಗಳನ್ನು. ಎಬ್ಬಿಸಿದ ಮೇಲೆ ಈಗ ಪ್ರಶ್ನೆ: ‘ನೀವು ಅಲ್ಲಿ ಇದ್ರಾ?’ ಇಲ್ಲದವರನ್ನು ಒಕ್ಕಲೆಬ್ಬಿಸುವ ವಿದ್ಯೆ ನಮ್ಮ ಆಡಳಿತಕ್ಕಲ್ಲದೆ ಇನ್ಯಾರಿಗೆ ಒಲಿದೀತು?

ಹಾಗಂತ ಯೋಜನೆಗಳಿಗೆ ಬರವೇನಿಲ್ಲ. ರಾಜ್ಯದಲ್ಲಿ ಕೇಂದ್ರದ ವಿಶೇಷ ದುರ್ಬಲ ಬುಡಕಟ್ಟುಗಳ ಪಟ್ಟಿಯಲ್ಲಿರುವುದು ಎರಡೇ, ಜೇನುಕುರುಬ ಮತ್ತು ಕೊರಗ. ಅಂಥವರಿಗೆಂದೇ 2023ರಲ್ಲಿ ಪಿಎಂ-ಜನ್‌ಮನ್ ಬಂತು. ದೇಶಕ್ಕೆಲ್ಲ ಸೇರಿ 24 ಸಾವಿರ ಕೋಟಿ ರೂಪಾಯಿ. ಪಕ್ಕಾ ಮನೆಗೆ ದುಡ್ಡುಂಟು. ಮನೆ ನಿಲ್ಲಬೇಕಾದ ನೆಲಕ್ಕೆ ಕಾಗದವಿಲ್ಲ. ಗೋಡೆಯನ್ನು ಸದ್ಯಕ್ಕೆ ತಲೆ ಮೇಲೆ ಹೊತ್ತುಕೊಂಡಿರಿ, ಮೇಲಿನಿಂದ ಆದೇಶ ಬರಲಿ.

ಇಷ್ಟರಲ್ಲೇ ಇನ್ನೊಂದು ಯೋಜನೆಯೂ ಬಂದರೆ ಆಶ್ಚರ್ಯವಿಲ್ಲ: ಜೇನುಕುರುಬರಿಗೆ ಜೇನು ತರಬೇತಿ. ಜೀವಮಾನದಲ್ಲಿ ಮರ ಹತ್ತದ ಸಂಪನ್ಮೂಲ ವ್ಯಕ್ತಿ ಮೈಸೂರಿನಿಂದ ಪ್ರೊಜೆಕ್ಟರ್ ತಂದು, ಹುಳ ಕಚ್ಚಿದರೆ ಏನು ಮಾಡಬೇಕೆಂದು ತಾತನಿಗೆ ತೋರಿಸುತ್ತಾರೆ. ಕೊನೆಗೆ ಸಮೋಸ, ಪ್ರಮಾಣಪತ್ರ. ತಾತ ಅದನ್ನು ಮಡಿಸಿಕೊಂಡು ಸೀದಾ ಕಚೇರಿಗೆ ಹೋಗಿ, ‘ಇದು ಪುರಾವೆಗೆ ಆಗ್ತದಾ ಸ್ವಾಮಿ?’ ಅಂದರೆ, ಸಾಹೇಬರು ಕನ್ನಡಕ ಏರಿಸಿ ದಿನಾಂಕ ನೋಡುತ್ತಾರೆ.

‘2005ಕ್ಕೆ ಮುಂಚಿನದು ಇದ್ರೆ ತಗೊಂಬಾ.’