ಕೋಳಿ ಸಾರು, ಸರ್ಕಾರದ ತಕ್ಕಡಿ

2024ರ ಜೂನ್ ತಿಂಗಳಲ್ಲಿ ಡೆನ್ಮಾರ್ಕಿನ ಆಹಾರ ಇಲಾಖೆಯ ಕಣ್ಣಿಗೆ ಒಂದು ದೊಡ್ಡ ಅಪಾಯ ಬಿತ್ತು. ಬಂದಿದ್ದು ಕೊರಿಯಾದಿಂದ, ಪ್ಯಾಕೆಟ್ಟಿನಲ್ಲಿ. ಸಮ್ಯಾಂಗ್ ಕಂಪನಿಯ ಬುಲ್ದಾಕ್ ನೂಡಲ್ಸ್! ಒಂದು 3 ಪಟ್ಟು ಖಾರದ್ದು, ಒಂದು 2 ಪಟ್ಟು ಖಾರದ್ದು, ಇನ್ನೊಂದು ಪಾಪದ ‘ಹಾಟ್ ಚಿಕನ್ ಸ್ಟ್ಯೂ’. ಮೂರನ್ನೂ ಅಂಗಡಿಗಳಿಂದ ಎತ್ತಿಸಿದರು. ಮನೆಯಲ್ಲಿದ್ದರೆ ಬಿಸಾಡಿ, ಇಲ್ಲವೇ ಅಂಗಡಿಗೆ ವಾಪಸ್ ಕೊಡಿ ಎಂದರು.

ಹುಳ ಬಿದ್ದಿತ್ತಾ? ಇಲ್ಲ. ಹಳಸಿತ್ತಾ? ಅದೂ ಇಲ್ಲ. ಖಾರ ಇತ್ತು. ಮೆಣಸಿನಕಾಯಿಗೆ ಖಾರ ಕೊಡುವ ಕ್ಯಾಪ್ಸೈಸಿನ್ ಜಾಸ್ತಿಯಾಗಿದೆ, ತಿಂದವರಿಗೆ ವಿಷವೇರಬಹುದು ಎಂದರು. ಪ್ಯಾಕೆಟ್ಟಿನ ಮೇಲೆ ಬೆಂಕಿ ಉಗುಳುವ ಕೋಳಿಯ ಚಿತ್ರವೇ ಇದೆ. ಅದನ್ನು ನೋಡಿಯೂ ಪಾಯಸ ಇರಬಹುದು ಎಂದುಕೊಂಡು ಯಾರಾದರೂ ಕೊಂಡಿದ್ದರೇನೋ.

ಇಲಾಖೆಯ ಭಯದಲ್ಲಿ ಸ್ವಲ್ಪ ಹುರುಳಿದೆ ಅನ್ನಿ. ಕ್ಯಾಮೆರಾ ಮುಂದೆ ಪಂದ್ಯ ಕಟ್ಟಿ, ಕಣ್ಣೀರು ಮೂಗಿನ ನೀರು ಒಂದು ಮಾಡಿಕೊಂಡು ತಿನ್ನುವ ಹುಡುಗರ ಹುಚ್ಚು ಸಣ್ಣದಲ್ಲ. ಮಕ್ಕಳ ಬಗ್ಗೆ ಎಚ್ಚರಿಸಿದ್ದು ಸರಿಯೇ. ಆದರೆ ಇದು ಯಾವ ದೇಶ ಗೊತ್ತಲ್ವಾ? 2014ರಲ್ಲಿ ಇದೇ ಡೆನ್ಮಾರ್ಕಿನ ರಾಷ್ಟ್ರೀಯ ಚೇಂಬರ್ ಆರ್ಕೆಸ್ಟ್ರಾದವರು ಕೋಟು ಟೈ ತೊಟ್ಟು ಕುಳಿತು, ಕಡುಖಾರದ ಮೆಣಸಿನಕಾಯಿ ಜಗಿದು, ಬೆವರುತ್ತಾ ಕೆಮ್ಮುತ್ತಾ ಒಂದು ಟ್ಯಾಂಗೋ ನುಡಿಸಿದ್ದರು. ಜಗತ್ತೇ ಚಪ್ಪಾಳೆ ಹೊಡೆಯಿತು. ಅದೇ ವರ್ಷ ಆ ದೇಶದ ಸರ್ಕಾರಿ ಪ್ರಸಾರ ಸಂಸ್ಥೆ ಆರ್ಕೆಸ್ಟ್ರಾವನ್ನು ಕೈಬಿಟ್ಟಿತು. ಖಾರಕ್ಕಲ್ಲ, ಖರ್ಚಿಗೆ.

ಇನ್ನು ಲೆಕ್ಕದ ಕಥೆ ಕೇಳಿ. ಕಂಪನಿಯವರ ತಕರಾರು ಇಷ್ಟು: ಖಾರ ಇರುವುದು ಮಸಾಲೆಯ ಪೊಟ್ಟಣದಲ್ಲಿ ಮಾತ್ರ, ನೀವು ನೂಡಲ್ಸಿನ ತೂಕವನ್ನೂ ಸೇರಿಸಿ ಲೆಕ್ಕ ಹಾಕಿದ್ದೀರಿ. ಅಂದರೆ ಬಿಳಿ ಶ್ಯಾವಿಗೆಯೂ ಮೆಣಸಿನಕಾಯಿಯ ಖಾತೆಗೆ ಜಮೆ.

ಈ ತಕ್ಕಡಿ ಹಿಡಿದು ಯಾವುದಾದರೂ ಕೊರಿಯನ್ ಮನೆಯ ಅಡುಗೆಮನೆಗೆ ಇಲಾಖೆಯವರು ಹೋಗಬೇಕಿತ್ತು. ಆ ‘ಸ್ಟ್ಯೂ’ ಪ್ಯಾಕೆಟ್ಟಿಗೆ ಮೂಲ ದಾಕ್‌ಬೊಕ್ಕುಮ್‌ತಾಂಗ್ ಎಂಬ ಮನೆಯಡುಗೆ. ಮೂಳೆ ಸಮೇತ ಕೊಚ್ಚಿದ ಕೋಳಿಯನ್ನು ಒಂದು ಕುದಿ ಬರಿಸಿ, ಆ ನೀರು ಚೆಲ್ಲಿ, ತೊಳೆಯುತ್ತಾರೆ. ಆಮೇಲೆ ದಪ್ಪ ದಪ್ಪ ಆಲೂಗಡ್ಡೆ, ಕ್ಯಾರೆಟ್, ಈರುಳ್ಳಿ. ಗೊಚುಗಾರು ಎಂಬ ತರಿ ಮೆಣಸಿನಪುಡಿ, ಗೊಚುಜಾಂಗ್ ಎಂಬ ಹುದುಗಿಸಿದ ಮೆಣಸಿನ ಪೇಸ್ಟ್, ಸೋಯಾ ಸಾಸ್, ಸಕ್ಕರೆ, ಕೈತುಂಬಾ ಬೆಳ್ಳುಳ್ಳಿ. ಮುಚ್ಚಿಟ್ಟು ಅರ್ಧ ಗಂಟೆಗೂ ಮೀರಿ ಕುದಿಸಿದರೆ ಸಾರು ಕೆಂಪಗೆ ದಪ್ಪಗಾಗುತ್ತದೆ. ಖಾರ ಉಂಟು, ಆದರೆ ಸಿಹಿಯೂ ಉಂಟು. ಆಲೂಗಡ್ಡೆ ಅರ್ಧ ಮಸಾಲೆಯನ್ನು ತಾನೇ ಕುಡಿದುಬಿಡುತ್ತದೆ. ನನ್ನ ಮಟ್ಟಿಗೆ ಆ ಊಟದ ರುಚಿಯೆಲ್ಲಾ ಅದರಲ್ಲೇ ಇದೆ, ಕೋಳಿ ಸುಮ್ನೆ ನೆಪಕ್ಕೆ.

ಈಗ ಅಧಿಕಾರಿ ಬಂದು ಕೇಳಲಿ: ‘ಅಜ್ಜೀ, ಮೆಣಸಿನಪುಡಿ ಎಷ್ಟು ಮಿಲಿಗ್ರಾಂ?’ ಅಜ್ಜಿ ಚಮಚ ತೋರಿಸುತ್ತಾಳೆ. ‘ಆಲೂಗಡ್ಡೆ ಎಷ್ಟು?’ ಕೆಂಪಾಗಿದೆಯಲ್ಲ, ಅದನ್ನೂ ತೂಗಿ. ಮೂಳೆಯನ್ನೂ ತೂಗಿ. ಪಾತ್ರೆಗೂ ಬಣ್ಣ ಹತ್ತಿದೆ, ಅದನ್ನೇಕೆ ಬಿಡುತ್ತೀರಿ? ಒಟ್ಟು ಬರುವ ಅಂಕಿಗೆ ಒಂದು ಊರನ್ನೇ ತೆರವು ಮಾಡಿಸಬಹುದು.

ನಮ್ಮಲ್ಲಿ ಈ ಸಾರು ಮಾಡುವವರಿಗೆ ಒಂದು ಮಾತು. ಗೊಚುಗಾರು ಸಿಗದಿದ್ದರೆ ಬ್ಯಾಡಗಿ ಮೆಣಸಿನಕಾಯಿಯ ಬೀಜ ತೆಗೆದು ತರಿತರಿ ಪುಡಿ ಮಾಡಿಕೊಳ್ಳಿ. ಬಣ್ಣ ಧಾರಾಳ, ಖಾರ ಹದ. ಗುಂಟೂರಿನದ್ದನ್ನು ಅದೇ ಅಳತೆಗೆ ಸುರಿದರೆ ಮಾತ್ರ ಡೆನ್ಮಾರ್ಕಿನವರು ಹೇಳಿದ್ದೇ ಸರಿ ಅನ್ನಿಸಿಬಿಡುತ್ತದೆ.

ನಿಷೇಧದಿಂದ ಆಗಿದ್ದೇನು? ಅಲ್ಲಿಯವರೆಗೆ ಬುಲ್ದಾಕ್ ಹೆಸರನ್ನೇ ಕೇಳದವರೂ ಅದೇನೆಂದು ಹುಡುಕಿದರು. ಒಂದು ಸರ್ಕಾರವೇ ಹೆದರಿದ ನೂಡಲ್ಸ್ ಎಂದರೆ ಪಂದ್ಯ ಕಟ್ಟುವ ಹುಡುಗರಿಗೆ ಇನ್ನೇನು ಬೇಕು? ಕಂಪನಿ ಕೋಟಿ ಸುರಿದರೂ ಇಂಥ ಜಾಹೀರಾತು ಸಿಗುತ್ತಿರಲಿಲ್ಲ.

ಜುಲೈನಲ್ಲಿ ಇಲಾಖೆ ಮತ್ತೆ ಲೆಕ್ಕ ನೋಡಿತು. ಚಿಕನ್ ಸ್ಟ್ಯೂಗೆ ಮತ್ತು 2 ಪಟ್ಟಿನದಕ್ಕೆ ಬಿಡುಗಡೆ ಸಿಕ್ಕಿತು. ಒಂದೇ ತಿಂಗಳಲ್ಲಿ ವಿಷ ಊಟವಾಯಿತು, ಅದೂ ಒಂದು ಕಾಳು ಮೆಣಸಿನಪುಡಿ ಕಮ್ಮಿ ಮಾಡದೆ. 3 ಪಟ್ಟಿನದು ಮಾತ್ರ ಒಳಗೇ ಉಳಿಯಿತು.

ಅದಕ್ಕೂ ದಾರಿ ಇತ್ತು ಬಿಡಿ. ಕೋಪನ್‌ಹೇಗನ್‌ನಲ್ಲಿ ರೈಲು ಹತ್ತಿ ಸಮುದ್ರದ ಮೇಲಿನ ಸೇತುವೆ ದಾಟಿದರೆ ಸ್ವೀಡನ್ನಿನ ಮಾಲ್ಮೋ. ಅಲ್ಲಿ ಈ ನಿಷೇಧ ಇರಲಿಲ್ಲ. ಡೆನ್ಮಾರ್ಕಿನ ಲೆಕ್ಕದಲ್ಲಿ ವಿಷವಾಗಿದ್ದು ಸೇತುವೆಯ ಆ ತುದಿಯಲ್ಲಿ ಬರೀ ನೂಡಲ್ಸ್. ವಾಪಸ್ ಬರುವಾಗ ಚೀಲದಲ್ಲೇ, ಗಡಿ ದಾಟಿದ ಗಳಿಗೆಗೆ ಸರಿಯಾಗಿ, ಅದು ಮತ್ತೆ ವಿಷ.