ಬಣ್ಣ ಬಳಿ ಅಂತ ಕೇಳಿದ್ಯಾರು?

ಮತ್ತೆ ಅದೇ ವಿಡಿಯೊ ಬಂತು. 1906ರ ಸ್ಯಾನ್ ಫ್ರಾನ್ಸಿಸ್ಕೊ ರಸ್ತೆಯ ಕಪ್ಪು ಬಿಳುಪು ಚಿತ್ರ, ಈಗ ಕಂಪ್ಯೂಟರ್ ಬಳಿದ ಬಣ್ಣದಲ್ಲಿ, "ಅಸಲಿ ಶಬ್ದದ ಜೊತೆ"! ಮೂಕಿ ಚಿತ್ರಕ್ಕೆ ಅಸಲಿ ಶಬ್ದ ಎಲ್ಲಿಂದ ಬಂತು ಸ್ವಾಮಿ? ಕುದುರೆ ಗೊರಸಿನ ಟಕಟಕ, ಒಂದಿಷ್ಟು ಹಾರ್ನ್, ಎಲ್ಲಿಂದಲೋ ತಂದು ಅಂಟಿಸಿದ್ದಾರೆ. ನನ್ನ ಹಳೇ ಫಿಲ್ಮ್ ಹುಚ್ಚು ನಿಮಗೆಲ್ಲ ಗೊತ್ತಿದ್ದದ್ದೇ. ಸ್ವಲ್ಪ ಬೈಕೊಳ್ತೀನಿ, ಸಹಿಸಿಕೊಳ್ಳಿ.

ಮಾರ್ಕೆಟ್ ಸ್ಟ್ರೀಟಿನ ಕೇಬಲ್ ಕಾರಿನ (ಹಳಿ ಮೇಲೆ ಓಡೋ ಟ್ರಾಮ್ ಥರದ ಬಂಡಿ) ಮುಂದೆ ಕ್ಯಾಮೆರಾ ಇಟ್ಟು ಮೈಲ್ಸ್ ಸಹೋದರರು ತೆಗೆದ ಚಿತ್ರ ಅದು. ಆ ವರ್ಷ ಏಪ್ರಿಲ್ 18ರಂದು ಆ ಊರಿಗೆ ಬಡಿದ ಭೂಕಂಪಕ್ಕೆ ಕೆಲವೇ ದಿನ ಮುಂಚೆ. ತುಂಬಾ ಕಾಲ 1905ರದ್ದು ಅಂತಲೇ ನಂಬಿದ್ದರು. ಡೇವಿಡ್ ಕೀನ್ ಅನ್ನೋ ಇತಿಹಾಸಕಾರ ರಸ್ತೆಯಲ್ಲಿ ನಿಂತ ನೀರು ನೋಡಿ ಹಳೇ ಮಳೆ ದಾಖಲೆ ಹುಡುಕಿದರು. ಕಾರುಗಳ ನಂಬರ್ ಪ್ಲೇಟನ್ನೂ ತಾಳೆ ಹಾಕಿದರು. ತಾರೀಕು ಸಿಕ್ಕಿದ್ದು ಹಾಗೆ. ನೋಡೋದು ಅಂದ್ರೆ ಅದು! ಈಗ ಯಂತ್ರ ಅದೇ ನೀರಿಗೆ ನೀಲಿ ಬಳಿದು ಕೈ ತೊಳೆದುಕೊಳ್ಳುತ್ತೆ.

ಆ ಕಾಲದ ಫಿಲ್ಮಿನಲ್ಲಿ ಕೆಂಪು ಕಪ್ಪಗೆ ಮೂಡುತ್ತಿತ್ತು, ನೀಲಿ ಆಕಾಶ ಬೆಳ್ಳಗೆ. ಕಪ್ಪಗೆ ಕಾಣೋ ಲಂಗ ನಿಜಕ್ಕೂ ಕಪ್ಪೋ ಕೆಂಪೋ, ಕಂಪ್ಯೂಟರಿಗೇನು ಗೊತ್ತು? ಸುಮ್ನೆ ಊಹೆ ಮಾಡುತ್ತೆ. ಊಹೆ ಮಾಡಿ ಇಡೀ ಊರಿಗೆ ಕಂದು ಕೋಟು ಹೊಲಿಸುತ್ತೆ. ಕೈಯಲ್ಲಿ ತಿರುಗಿಸಿ ಸೆಕೆಂಡಿಗೆ ಸುಮಾರು 16 ಫ್ರೇಮ್, ಅಂದ್ರೆ ಬಿಡಿ ಚಿತ್ರ, ತೆಗೀತಿದ್ದ ಕಾಲ. ಅದನ್ನ 60 ಮಾಡ್ತಾರಂತೆ. ನಡುವೆ ಯಂತ್ರ ತುರುಕಿದ ಫ್ರೇಮೆಲ್ಲ ಕಟ್ಟುಕತೆ.

"ಬಣ್ಣ ಇಲ್ದಿದ್ರೆ ಈಗಿನ ಹುಡುಗರು ನೋಡಲ್ಲ ಸರ್" ಅಂತಾರೆ. ನೋಡದಿದ್ರೆ ಬಿಡಲಿ! ಪೇಪರ್ ಗೊಂಬೆಗಳ ಥರ ದಡಬಡ ಓಡ್ತಿದ್ದ ಜನರನ್ನ ಸರಿಯಾದ ವೇಗಕ್ಕೆ ತಂದ್ರಲ್ಲ, ಅದಕ್ಕೆ ಕೈ ಮುಗೀತೀನಿ. ಅಲ್ಲಿಗೇ ನಿಲ್ಲಿಸಬಹುದಿತ್ತು ಅಲ್ವಾ?

ಹಾಗಂತ ಮೈಲ್ಸ್ ಸಹೋದರರೂ ಭಾರೀ ಸಾಚಾ ಅಲ್ಲ ಬಿಡಿ. ಅದೇ ಕಾರುಗಳು ಕ್ಯಾಮೆರಾ ಮುಂದೆ ಸುತ್ತಿ ಸುತ್ತಿ ಬರ್ತಾವೆ. ಊರಲ್ಲಿ ಕಾರು ಜಾಸ್ತಿ ಇದ್ದಂತೆ ಕಾಣಲಿ ಅಂತ ಇರಬೇಕು. ಆದರೆ ಹಳೇ ಪ್ರತಿಯಲ್ಲಿ ಆ ಕಳ್ಳಾಟ ನಮ್ಮ ಕಣ್ಣಿಗೇ ಸಿಕ್ಕಿಬೀಳುತ್ತೆ. ಈ ಬಣ್ಣ ಬಳಿಯೋರ ಕಳ್ಳಾಟ ಹಿಡಿಯೋದು ಹೇಗೆ?

ಇನ್ನೊಂದು ಮಾತು, ಮನೇಲೂ ಹೇಳಿಲ್ಲ. ಕೊನೆಯಲ್ಲಿ ಹುಡುಗರು ಹಳಿ ಮೇಲೆ ಓಡುತ್ತಾ ಹಿಂದೆ ತಿರುಗಿ ಕ್ಯಾಮೆರಾ ನೋಡ್ತಾರೆ. ಅಲ್ಲಿ ನನಗೆ ಪ್ರತಿ ಸಲ ಗಂಟಲು ಕಟ್ಟುತ್ತೆ. ಬಣ್ಣದ ಪ್ರತಿಯಲ್ಲಿ ಆ ಮುಖಗಳು ನುಣ್ಣಗೆ, ಕಣ್ಣು ಮೂಗು ಎಲ್ಲ ಕಲಸಿಹೋಗಿವೆ. ಸಿಟ್ಟು ಬರದೆ ಇರುತ್ತಾ?

ಕಪ್ಪು ಬಿಳುಪಿನ ಪ್ರತಿ ಇಂಟರ್‌ನೆಟ್ಟಲ್ಲಿ ಪುಕ್ಕಟೆ ಸಿಗುತ್ತೆ. ಇನ್ಮೇಲೆ ನನ್ನ ಟ್ಯಾಗ್ ಮಾಡೋದಾದ್ರೆ ಅದಕ್ಕೆ ಮಾಡಿ. ಬಣ್ಣದ್ದಕ್ಕೆ ಮಾಡಿದವರನ್ನ ನೇರ ಅನ್‌ಫ್ರೆಂಡ್, ನನ್ನ ಭಾವನೇ ಆದ್ರೂ ಸರಿ.